‘ಜಾಹೀರಾತು’ ಅಂತ ಬರೆದೇ ಇದ್ಯಲ್ಲ, ಆದ್ರೂ ಯಾಕೆ ನಂಬ್ತೀವಿ?

ಪ್ರಶ್ನೆ: ಸರ್, ನಮ್ಮಪ್ಪ ರಿಟೈರ್ಡ್ ಹೈಸ್ಕೂಲ್ ಮೇಷ್ಟ್ರು, ಪೇಪರ್ ಮುಖಪುಟದಲ್ಲಿ ಸರ್ಕಾರದ ಫುಲ್ ಪೇಜ್ ಜಾಹೀರಾತು ಬಂದ್ರೆ ಒಂದಕ್ಷರ ಬಿಡದೆ ಓದ್ತಾರೆ, ಸಂಜೆ ವಾಕಿಂಗ್ ಗೆಳೆಯರ ಹತ್ರ ಅದನ್ನೇ ಸುದ್ದಿ ತರ ಹೇಳ್ತಾರೆ. ‘ಅಪ್ಪಾ ಅದು ಅವರೇ ದುಡ್ಡು ಕೊಟ್ಟು ಹಾಕ್ಸಿರೋದು’ ಅಂದ್ರೆ ‘ಗೊತ್ತು ಕಣೋ, ಹೆಸರು ಹಾಕೇ ಹಾಕಿದ್ದಾರಲ್ಲ, ಕದ್ದು ಮುಚ್ಚಿ ಏನಾದ್ರೂ ಮಾಡಿದ್ದಾರಾ’ ಅಂತಾರೆ. ನನ್ನ ಡೌಟು ಇಷ್ಟು: ಯಾರದು ಅಂತ ಓಪನ್ನಾಗಿ ಹೇಳ್ಕೊಂಡು ಮಾಡೋದನ್ನೂ ಪ್ರೊಪಗಾಂಡ ಅನ್ನಬಹುದಾ? ಅದರಲ್ಲಿರೋದೆಲ್ಲ ನಿಜಾನೇ ಆಗಿದ್ರೂ? ಯಾರು ಹೇಳ್ತಿದ್ದಾರೆ ಅಂತ ಗೊತ್ತಿದ್ದೂ ಜನರ ಅಭಿಪ್ರಾಯ ಹೇಗೆ ಬದಲಾಗುತ್ತೆ?

ಉತ್ತರ:

ಮೊದಲು ನಿಮ್ಮ ಅಪ್ಪನ ಪರವಾಗಿ ಒಂದು ಮಾತು, ಅವರು ಹೇಳಿದ್ದರಲ್ಲಿ ಅರ್ಧ ಸರಿ ಇದೆ. ಹೆಸರು ಹಾಕಿ ಮಾಡೋ ಪ್ರಚಾರಕ್ಕೂ ಮುಖವಾಡ ಹಾಕ್ಕೊಂಡು ಮಾಡೋ ಪ್ರಚಾರಕ್ಕೂ ವ್ಯತ್ಯಾಸ ಖಂಡಿತ ಇದೆ. ನಾವು ಕ್ಲಾಸಲ್ಲಿ ಪಾಠ ಮಾಡುವಾಗ ಇದನ್ನ ಬಿಳಿ, ಬೂದು, ಕಪ್ಪು ಅಂತ ಮೂರು ಬಣ್ಣದಲ್ಲಿ ಹೇಳ್ತೀವಿ. ಎರಡನೇ ಮಹಾಯುದ್ಧದಲ್ಲಿ ಬ್ರಿಟಿಷರು ಜರ್ಮನ್ ಸೈನಿಕರಿಗೆ ಅಂತಲೇ ‘ಸೋಲ್ಡಾಟೆನ್‌ಸೆಂಡರ್ ಕಲೇ’ ಅನ್ನೋ ರೇಡಿಯೋ ನಡೆಸಿದ್ರು, ಕೇಳಿದೋರಿಗೆ ಇದು ನಮ್ಮದೇ ಸೇನೆಯ ರೇಡಿಯೋ ಅನ್ನಿಸಬೇಕು, ಮಾತಾಡೋದು ಮಾತ್ರ ಇಂಗ್ಲೆಂಡಲ್ಲಿ ಕೂತಿರೋ ಜನ, ಹೀಗೆ ಬೇರೆಯೋರ ಹೆಸರಲ್ಲಿ ಮಾತಾಡೋದು ಕಪ್ಪು. ರೇಡಿಯೋ ಫ್ರೀ ಯೂರೋಪ್ ಇತ್ತಲ್ಲ, ಅಮೆರಿಕದ ನಾಗರಿಕರ ಚಂದಾ ಹಣದಲ್ಲಿ ನಡೀತಿದೆ ಅಂತ ತೋರಿಸ್ಕೊಂಡು ಒಳಗಿಂದ ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎ ದುಡ್ಡಲ್ಲಿ ನಡೀತಿತ್ತು, 1967ರ ಹೊತ್ತಿಗೆ ಅದು ಬಯಲಿಗೆ ಬಂತು, ಹೀಗೆ ಹಿಂದೆ ಯಾರಿದ್ದಾರೆ ಅಂತ ಸರಿಯಾಗಿ ಗೊತ್ತಾಗದ್ದು ಬೂದು. ಇನ್ನು ಬಿಳಿ ಅಂದ್ರೆ ‘ಇದು ವಾಯ್ಸ್ ಆಫ್ ಅಮೆರಿಕ’, ‘ಇದು ರೇಡಿಯೋ ಮಾಸ್ಕೋ’ ಅಂತ ಶುರುವಿನಲ್ಲೇ ಹೇಳಿ ಮಾತಾಡೋದು. ನಮ್ಮಲ್ಲೂ 1942ರ ಆಗಸ್ಟ್‌ನಿಂದ ನವೆಂಬರ್‌ವರೆಗೆ ಉಷಾ ಮೆಹ್ತಾ ಮತ್ತೆ ಅವರ ಗೆಳೆಯರು ಗುಟ್ಟಾಗಿ ನಡೆಸಿದ ಕಾಂಗ್ರೆಸ್ ರೇಡಿಯೋ ಇದೆ. ಅದು ತಮಾಷೆ ಕೇಸು, ಜಾಗ ಗುಟ್ಟು ಆದ್ರೆ ಹೆಸರು ಓಪನ್. ‘ಭಾರತದ ಎಲ್ಲೋ ಒಂದು ಕಡೆಯಿಂದ ಕಾಂಗ್ರೆಸ್ ರೇಡಿಯೋ’ ಅಂತಲೇ ಶುರು ಮಾಡ್ತಿದ್ರು. ಅಡಗಿಸಿಟ್ಟಿದ್ದು ಮನೆಯನ್ನ, ಹೆಸರನ್ನ ಅಲ್ಲ, ಹಾಗಾಗಿ ನಾನು ಅದನ್ನ ಬಿಳಿ ಅಂತಲೇ ಲೆಕ್ಕಕ್ಕೆ ಹಿಡಿಯೋದು. ಸುಭಾಷ್ ಬೋಸರು ಜರ್ಮನಿಯಿಂದ ತಮ್ಮ ಹೆಸರಲ್ಲೇ ಮಾತಾಡಿದ್ದೂ ಅದೇ ಸಾಲಿಗೆ ಬರುತ್ತೆ.

ಹಾಗಾಗಿ ಬಿಳಿ ಪ್ರೊಪಗಾಂಡ ಅಂದ ತಕ್ಷಣ ಅದು ಕೆಟ್ಟದ್ದು ಅಂತ ಆಗಲ್ಲ. ಪೋಲಿಯೋ ಹನಿ ಹಾಕ್ಸಿ ಅಂತ 1995ರಿಂದ ಗೋಡೆ ಗೋಡೆ ಮೇಲೆ ಬರೆಸಿದ್ದು, ರೇಡಿಯೋ ಟೀವೀಲಿ ಹೇಳಿಸಿದ್ದು ಕೂಡ ಹೆಸರು ಹಾಕ್ಕೊಂಡು ಮಾಡಿದ ಪ್ರಚಾರವೇ, ಅದರಿಂದ ದೇಶಕ್ಕೆ ಒಳ್ಳೇದೇ ಆಯ್ತು. ಒಂದು ಸಂಸ್ಥೆ ತನಗೆ ಬೇಕಾದ ಕಡೆ ಜನರ ಮನಸ್ಸು ತಿರುಗಿಸೋಕೆ ಯೋಜನೆ ಹಾಕಿ, ದುಡ್ಡು ಹಾಕಿ, ಮತ್ತೆ ಮತ್ತೆ ಹೇಳ್ತಾ ಇದ್ರೆ ಅದು ಪ್ರೊಪಗಾಂಡ. ಹೇಳೋದು ನಿಜವೋ ಸುಳ್ಳೋ ಅನ್ನೋದು ಬೇರೆ ಲೆಕ್ಕ, ಹೆಸರು ಹಾಕಿದ್ದಾರೋ ಇಲ್ವೋ ಅನ್ನೋದು ಇನ್ನೊಂದು ಲೆಕ್ಕ. ಜನ ಇವೆಲ್ಲ ಒಂದೇ ಅಂದ್ಕೊಂಡು, ಹೆಸರಿದೆ ಅಂದ್ಮೇಲೆ ನಿಜ ಇರಬೇಕು, ನಿಜ ಅಂದ್ಮೇಲೆ ಪ್ರೊಪಗಾಂಡ ಅಲ್ಲ ಅಂತ ಸೀದಾ ಜಾರ್ಕೊಂಡು ಹೋಗ್ತಾರೆ. ನಿಮ್ಮ ಅಪ್ಪ ಜಾರ್ತಿರೋದು ಅಲ್ಲೇ.

ಈಗ ಹೇಗೆ ಕೆಲಸ ಮಾಡುತ್ತೆ ಅನ್ನೋದಕ್ಕೆ ಬರ್ತೀನಿ. ನನಗೆ ಗೊತ್ತಿರೋ ಅತ್ಯಂತ ಒಳ್ಳೆ ಉದಾಹರಣೆ ನಮ್ಮ ಊರುಗಳಲ್ಲೇ ಇದೆ, ಈಗ ಐವತ್ತು ಅರವತ್ತು ದಾಟಿದೋರನ್ನ ಕೇಳಿ ನೋಡಿ. ‘ಸೋವಿಯತ್ ಲ್ಯಾಂಡ್’ ಅಂತ ಒಂದು ಮ್ಯಾಗಜೀನ್ ಬರ್ತಿತ್ತು, ದೆಹಲಿಯ ಸೋವಿಯತ್ ರಾಯಭಾರ ಕಚೇರಿ ಕಡೆಯಿಂದ, ಇಂಗ್ಲಿಷ್ ಜೊತೆ ಕನ್ನಡವೂ ಸೇರಿ ನಮ್ಮ ಎಷ್ಟೋ ಭಾಷೆಗಳಲ್ಲಿ. ಚಂದಾ ತೀರಾ ಕಡಿಮೆ, ಪೇಪರ್ ಮಾತ್ರ ದಪ್ಪ, ನುಣುಪು, ಬಣ್ಣ ಬಣ್ಣದ ಫೋಟೋ. ನಮ್ಮ ಪತ್ರಿಕೆಗಳೆಲ್ಲ ಕಪ್ಪು ಬಿಳುಪಲ್ಲಿ ಮಾಸಲು ನ್ಯೂಸ್‌ಪ್ರಿಂಟಲ್ಲಿ ಬರ್ತಿದ್ದ ಕಾಲ ಅದು. ಜೂನ್‌ನಲ್ಲಿ ಸ್ಕೂಲು ಶುರು ಆದ್ರೆ ಆ ಹಾಳೆಗಳಿಗೆ ಎಲ್ಲಿಲ್ಲದ ಡಿಮ್ಯಾಂಡು, ಪಠ್ಯಪುಸ್ತಕಕ್ಕೆ ಬೈಂಡ್ ಹಾಕೋಕೆ. ಗೋಧಿ ಹೊಲದಲ್ಲಿ ಟ್ರ್ಯಾಕ್ಟರು, ಕೆಂಪು ಕೆನ್ನೆಯ ಮಕ್ಕಳು, ಗಗಾರಿನ್, ಬ್ಯಾಲೆ ಡ್ಯಾನ್ಸರು, ಅಣೆಕಟ್ಟು. ಗಣಿತದ ಪುಸ್ತಕದ ಮೇಲೆ ವರ್ಷ ಪೂರ್ತಿ ಆ ಟ್ರ್ಯಾಕ್ಟರ್ ಇರೋದು. ಒಳಗಿನ ಲೇಖನ ಎಷ್ಟು ಜನ ಓದಿದ್ರೋ ದೇವರಿಗೇ ಗೊತ್ತು, ಫೋಟೋ ಮಾತ್ರ ಮನೆ ಮನೆಗೆ ಹೋಯ್ತು.

ಅದರ ಜೊತೆಗೆ ಮಾಸ್ಕೋದಲ್ಲೇ ಅಚ್ಚಾಗಿ ಬರ್ತಿದ್ದ ಕನ್ನಡ ಪುಸ್ತಕಗಳು. 1960ರಲ್ಲಿ ಶುರುವಾದ ನವಕರ್ನಾಟಕದವರ ಮಳಿಗೆಗಳಲ್ಲಿ ಅವು ಸಿಗ್ತಿದ್ವು, ಮಕ್ಕಳ ಕತೆ, ವಿಜ್ಞಾನ, ರಷ್ಯನ್ ಕಾದಂಬರಿ, ಗಟ್ಟಿ ರಟ್ಟು, ನಂಬೋಕಾಗದಷ್ಟು ಕಡಿಮೆ ಬೆಲೆ. ಎಷ್ಟೋ ಜನ ಓದೋ ಹುಚ್ಚು ಹತ್ತಿಸ್ಕೊಂಡಿದ್ದೇ ಆ ಪುಸ್ತಕಗಳಿಂದ, ಅದರಲ್ಲಿ ನಾನೂ ಒಬ್ಬ, ಆ ಋಣ ನಾನು ಅಲ್ಲಗಳೆಯಲ್ಲ. ಅವು ಒಳ್ಳೆ ಪುಸ್ತಕಗಳೇ. ಆದ್ರೆ ಅಷ್ಟು ಕಡಿಮೆ ಬೆಲೆಗೆ ಕೊಡೋದಕ್ಕೆ ಒಂದು ದೇಶ ಯಾಕೆ ನಷ್ಟ ಮಾಡ್ಕೊಳ್ತಿತ್ತು ಅಂತ ನಮಗೆ ಆಗ ತಲೆಗೇ ಬಂದಿರ್ಲಿಲ್ಲ.

ಅಮೆರಿಕದೋರು ಸುಮ್ನೆ ಕೂತಿರ್ಲಿಲ್ಲ. 1953ರಲ್ಲಿ ಐಸೆನ್‌ಹೋವರ್ ಕಾಲದಲ್ಲಿ ಯುಎಸ್‌ಐಎ ಅನ್ನೋ ಏಜೆನ್ಸಿನ ಇದಕ್ಕಂತಲೇ ಹುಟ್ಟುಹಾಕಿದ್ರು, 1999ರವರೆಗೂ ನಡೀತು, ಹೊರದೇಶಗಳಲ್ಲಿ ಅದನ್ನ ಯುಸಿಸ್ ಅಂತಿದ್ರು. 1960ರಿಂದ ‘ಸ್ಪ್ಯಾನ್’ ಮ್ಯಾಗಜೀನು, ದೊಡ್ಡ ಊರುಗಳಲ್ಲಿ ಎಸಿ ಲೈಬ್ರರಿ, ರೇಡಿಯೋಲಿ ಜಾಝ್ ಸಂಗೀತ. ಆದ್ರೆ ಹಳ್ಳಿಗೆ ಮುಟ್ಟಿದ್ದು ಇವ್ಯಾವೂ ಅಲ್ಲ, ಸ್ಕೂಲಿಗೆ ಬರ್ತಿದ್ದ ಹಾಲಿನ ಪುಡಿ ಮತ್ತೆ ಉಪ್ಪಿಟ್ಟಿನ ಗೋಧಿ ರವೆ. ‘ಕೇರ್’ ಅನ್ನೋ ಅಮೆರಿಕದ ನೆರವು ಸಂಸ್ಥೆಯ ಉಪ್ಪಿಟ್ಟು ಅಂದ್ರೆ ಹಳೇ ತಲೆಮಾರಿನೋರಿಗೆ ಇವತ್ತಿಗೂ ಬಾಯಲ್ಲಿ ಆ ರುಚಿ ಬರುತ್ತೆ. ಆ ಚೀಲ, ಡಬ್ಬಿಗಳ ಮೇಲೆ ಎರಡು ಕೈ ಕುಲುಕ್ತಿರೋ ಚಿತ್ರ, ಅಮೆರಿಕದ ಜನರ ಕೊಡುಗೆ ಅಂತ ಇಂಗ್ಲಿಷಲ್ಲಿ ಅಚ್ಚು. ಇದಕ್ಕಿಂತ ಓಪನ್ ಪ್ರಚಾರ ಬೇಕಾ? ಹೆಸರು ಮುಚ್ಚಿಡೋದು ಹಾಗಿರ್ಲಿ, ಹೆಸರು ಕಾಣ್ಲಿ ಅಂತಲೇ ಚೀಲ ಕಳಿಸ್ತಿದ್ದಿದ್ದು.

ಇಬ್ಬರೂ ಓಪನ್, ಇಬ್ಬರೂ ದುಡ್ಡು ಸುರಿದ್ರು. ಒಬ್ಬರು ಹಾಳೆ ಕೊಟ್ರು, ಇನ್ನೊಬ್ಬರು ಊಟ ಕೊಟ್ರು. ಊಟ ಕೊಟ್ಟೋರು ಗೆಲ್ಲಬೇಕಿತ್ತಲ್ವಾ? ಹಾಗಾಗಲಿಲ್ಲ ನೋಡಿ. 1971ರ ಆಗಸ್ಟಲ್ಲಿ ಸೋವಿಯತ್ ಜೊತೆ ಒಪ್ಪಂದ ಆಯ್ತು, ಡಿಸೆಂಬರಲ್ಲಿ ಬಾಂಗ್ಲಾ ಯುದ್ಧ, ಅಮೆರಿಕದ ಅಧ್ಯಕ್ಷ ನಿಕ್ಸನ್ ತಮ್ಮ ಏಳನೇ ನೌಕಾಪಡೆಯ ಹಡಗುಗಳನ್ನ ಬಂಗಾಳ ಕೊಲ್ಲಿ ಕಡೆ ಕಳಿಸಿದ್ರು, ಅದೇ ಹೊತ್ತಲ್ಲಿ ವಿಶ್ವಸಂಸ್ಥೆಯಲ್ಲಿ ಸೋವಿಯತ್ ನಮ್ಮ ಪರ ವೀಟೋ ಹಾಕ್ತು. ಅಷ್ಟೂ ವರ್ಷದ ಹಾಲಿನ ಪುಡಿ ಒಂದು ಹಡಗಿನ ಸುದ್ದಿಗೆ ತೊಳೆದುಹೋಯ್ತು ಅಂದ್ರೆ ತೀರಾ ಉತ್ಪ್ರೇಕ್ಷೆ ಅಲ್ಲ. ಮತ್ತೆ ಸೋವಿಯತ್ ಲ್ಯಾಂಡಿನ ಫೋಟೋಗಳು? ಅವು ಆಮೇಲೆ ಇನ್ನೂ ನಿಜ ಅನ್ನಿಸೋಕೆ ಶುರುವಾದ್ವು. ಆ ದೇಶದ ನಡತೆ ನಮ್ಮ ಕಣ್ಣಿಗೆ ಬಿದ್ದಿತ್ತು, ಆ ದೇಶದ ಒಳಗಿನ ಬದುಕು ಮಾತ್ರ ನಮ್ಮ ಕಣ್ಣಿಗೆ ಬಿದ್ದಿರಲಿಲ್ಲ. ಅಂಗಡಿ ಮುಂದಿನ ಕ್ಯೂ ಆ ಮ್ಯಾಗಜೀನಲ್ಲಿ ಬರ್ಲಿಲ್ಲ, ಲೇಬರ್ ಕ್ಯಾಂಪ್ ಬರ್ಲಿಲ್ಲ. 1986ರ ಏಪ್ರಿಲ್ 26ಕ್ಕೆ ಚೆರ್ನೋಬಿಲ್ ರಿಯಾಕ್ಟರ್ ಸಿಡೀತು, ಮಾಸ್ಕೋ ಬಾಯಿ ಬಿಟ್ಟಿದ್ದು 28ರ ರಾತ್ರಿ, ಅದೂ ಸ್ವೀಡನ್ನಿನ ಅಣುಸ್ಥಾವರದಲ್ಲಿ ವಿಕಿರಣ ಪತ್ತೆಯಾಗಿ ಗಲಾಟೆ ಎದ್ದ ಮೇಲೆ, ನಾಲ್ಕೈದು ಸಾಲು ಅಷ್ಟೇ. ಆ ನಾಲ್ಕೈದು ಸಾಲಲ್ಲಿ ಸುಳ್ಳು ಹುಡುಕೋದು ಕಷ್ಟ, ಅಪಘಾತ ಆಗಿದೆ, ಒಂದು ರಿಯಾಕ್ಟರ್ ಹಾಳಾಗಿದೆ, ಕ್ರಮ ತಗೊಳ್ತಿದ್ದೀವಿ, ಎಲ್ಲ ನಿಜ. ಹೇಳದೇ ಬಿಟ್ಟಿದ್ದೇ ಎಲ್ಲ.

ನನಗೆ ಇಷ್ಟು ವರ್ಷದಲ್ಲಿ ಗಟ್ಟಿ ಆಗಿರೋ ಅಭಿಪ್ರಾಯ ಇದು. ಹೆಸರು ಹಾಕಿದ ಪ್ರಚಾರ ಬೇರೂರೋದು ನಮಗೆ ಸ್ವಂತ ಅನುಭವ ಇಲ್ಲದ ಜಾಗದಲ್ಲಿ. ಅನುಭವ ಇರೋ ಕಡೆ ಅದು ಅನುಭವಕ್ಕೆ ಹೊಂದಿದ್ರೆ ಕೂತ್ಕೊಳ್ಳುತ್ತೆ, ಹೊಂದದಿದ್ರೆ ಎಷ್ಟು ಕೂಗಿದ್ರೂ ಕೂರಲ್ಲ, ಕೆಲವೊಮ್ಮೆ ತಿರುಗಿಬೀಳುತ್ತೆ.

ಇದಕ್ಕೆ ತುರ್ತುಪರಿಸ್ಥಿತಿಗಿಂತ ದೊಡ್ಡ ಸಾಕ್ಷಿ ನನಗೆ ಸಿಕ್ಕಿಲ್ಲ. 1975ರ ಜೂನ್ 26ರ ಬೆಳಗ್ಗೆ ಇಂದಿರಾ ಗಾಂಧಿ ಆಕಾಶವಾಣಿಯಲ್ಲಿ ಸ್ವತಃ ಮಾತಾಡಿ ರಾಷ್ಟ್ರಪತಿಗಳು ಎಮರ್ಜೆನ್ಸಿ ಘೋಷಿಸಿದ್ದಾರೆ, ಗಾಬರಿಪಡೋಕೆ ಏನೂ ಇಲ್ಲ ಅಂದ್ರು. (ಆಕಾಶವಾಣಿ ಅನ್ನೋ ಆ ಹೆಸರು ಹುಟ್ಟಿದ್ದು ನಮ್ಮ ಮೈಸೂರಲ್ಲಿ, 1935ರಲ್ಲಿ ಎಂ.ವಿ. ಗೋಪಾಲಸ್ವಾಮಿ ಅವರು ಮನೇಲಿ ಶುರು ಮಾಡಿದ ಸ್ಟೇಷನ್‌ನಿಂದ, ಪಾಪ ಅವರು ಅಂದ್ಕೊಂಡಿದ್ದೇ ಬೇರೆ ಇರ್ಬೇಕು.) ಅಲ್ಲಿಂದ ಸುಮಾರು 21 ತಿಂಗಳು ಸರ್ಕಾರದ ಪ್ರಚಾರಯಂತ್ರ ಪೂರ್ತಿ ಓಡ್ತು. ರೇಡಿಯೋ, ಆಗತಾನೇ ಕಣ್ಣು ಬಿಡ್ತಿದ್ದ ದೂರದರ್ಶನ, ಥಿಯೇಟರಲ್ಲಿ ಸಿನಿಮಾಕ್ಕೆ ಮುಂಚೆ ಕಡ್ಡಾಯವಾಗಿ ಹಾಕ್ತಿದ್ದ ಫಿಲ್ಮ್ಸ್ ಡಿವಿಷನ್ ರೀಲು, ಬಸ್ಸು, ಆಫೀಸು, ಗೋಡೆ ಮೇಲೆಲ್ಲ ಇಂದಿರಾ ಸರ್ಕಾರದ 20 ಅಂಶದ ಕಾರ್ಯಕ್ರಮ, ‘ಮಾತು ಕಡಿಮೆ, ಹೆಚ್ಚು ದುಡಿಮೆ’. ಎಲ್ಲಾದರಲ್ಲೂ ಸರ್ಕಾರದ ಹೆಸರೇ, ಗುಟ್ಟು ಏನಿಲ್ಲ. ಎದುರು ಮಾತಾಡೋ ಪತ್ರಿಕೆಗಳಿಗೆ ಸೆನ್ಸಾರು, ನಾಲ್ಕು ಸುದ್ದಿಸಂಸ್ಥೆಗಳನ್ನ ಸೇರಿಸಿ 1976ರಲ್ಲಿ ‘ಸಮಾಚಾರ್’ ಅಂತ ಒಂದೇ ಮಾಡಿಬಿಟ್ರು, ಸರ್ಕಾರದ ಕಾರ್ಯಕ್ರಮಕ್ಕೆ ಹಾಡಲ್ಲ ಅಂದ್ರು ಅಂತ ಕಿಶೋರ್ ಕುಮಾರ್ ಹಾಡುಗಳನ್ನೇ ರೇಡಿಯೋದಿಂದ ಎತ್ತಿಬಿಟ್ರು. ಅಂದ್ರೆ ಎದುರಾಳಿಯೇ ಇಲ್ಲದ ಮೈದಾನ.

1977ರ ಮಾರ್ಚಲ್ಲಿ ಫಲಿತಾಂಶ ಬಂತು. ಉತ್ತರ ಪ್ರದೇಶದ 85 ಸೀಟಲ್ಲಿ ಕಾಂಗ್ರೆಸ್ಸಿಗೆ ಸೊನ್ನೆ, ಬಿಹಾರದ 54ರಲ್ಲಿ ಸೊನ್ನೆ. 1971ರಲ್ಲಿ 352 ಗೆದ್ದಿದ್ದ ಪಕ್ಷ ದೇಶದಲ್ಲಿ 154ಕ್ಕೆ ಇಳೀತು. ಆಹಾ, ಪ್ರೊಪಗಾಂಡ ಸೋತಿತು, ಜನ ಬುದ್ಧಿವಂತರು ಅಂತ ಪುಸ್ತಕಗಳಲ್ಲಿ ಸಾಮಾನ್ಯವಾಗಿ ಇಲ್ಲಿಗೆ ನಿಲ್ಲಿಸ್ತಾರೆ. ಆದ್ರೆ ಅದೇ ಚುನಾವಣೇಲಿ ಕರ್ನಾಟಕದ 28ರಲ್ಲಿ 26 ಕಾಂಗ್ರೆಸ್ ಗೆದ್ದಿತ್ತು! ಮರುವರ್ಷ ನವೆಂಬರಲ್ಲಿ ಇಂದಿರಾ ಗಾಂಧಿಯೇ ಬಂದು ಚಿಕ್ಕಮಗಳೂರಲ್ಲಿ ನಿಂತು ಗೆದ್ದರು. ಅದೇ ರೇಡಿಯೋ, ಅದೇ ಫಿಲ್ಮು, ಅದೇ 20 ಅಂಶ, ಭಾಷೆ ಮಾತ್ರ ಬೇರೆ. ಹಾಗಾದ್ರೆ ಕನ್ನಡಿಗರು ಪೆದ್ದರು, ಬಿಹಾರಿಗಳು ಜಾಣರು ಅಂತಾನಾ?

ಆಗಿದ್ದು ಬೇರೆ. ಉತ್ತರದ ಹಳ್ಳಿಗಳಲ್ಲಿ ‘ಚಿಕ್ಕ ಕುಟುಂಬ ಸುಖಿ ಕುಟುಂಬ’ದ ಬೋರ್ಡಿನ ಹಿಂದೆನೇ ಪೊಲೀಸ್ ಜೀಪ್ ಬರ್ತಿತ್ತು, ಗಂಡಸರನ್ನ ಎಳ್ಕೊಂಡು ಹೋಗಿ ಆಪರೇಷನ್ ಮಾಡಿ ಕಳಿಸ್ತಿದ್ರು. 1976-77ರ ಒಂದೇ ವರ್ಷದಲ್ಲಿ ದೇಶದಲ್ಲಿ 80 ಲಕ್ಷಕ್ಕೂ ಹೆಚ್ಚು ಸಂತಾನಹರಣ ಶಸ್ತ್ರಚಿಕಿತ್ಸೆ ಆಗಿದೆ. ಮನೆ ಮನೆಗೆ ತಟ್ಟಿದ ಅನುಭವ ಅದು, ಅದರ ಮುಂದೆ ಪೋಸ್ಟರ್ ಏನ್ ಮಾಡುತ್ತೆ, ಪೋಸ್ಟರ್ ನೋಡಿದಷ್ಟೂ ಸಿಟ್ಟು ಜಾಸ್ತಿ ಆಗೋದು. ಕರ್ನಾಟಕದಲ್ಲಿ ಆ ಜಬರ್ದಸ್ತಿ ಅಷ್ಟು ಜೋರಿರ್ಲಿಲ್ಲ, ಮತ್ತೆ ಇಲ್ಲಿ ದೇವರಾಜ ಅರಸು ಇದ್ರು. 1974ರ ಭೂಸುಧಾರಣೆ ತಿದ್ದುಪಡಿ ಜಾರಿಗೆ ಬಂದು ತಾಲ್ಲೂಕು ಮಟ್ಟದಲ್ಲಿ ಭೂನ್ಯಾಯ ಮಂಡಳಿಗಳು ಕೂತು ಗೇಣಿದಾರರ ಡಿಕ್ಲರೇಷನ್ ಅರ್ಜಿಗಳನ್ನ ಇತ್ಯರ್ಥ ಮಾಡ್ತಿದ್ವು. ದಕ್ಷಿಣ ಕನ್ನಡ, ಉತ್ತರ ಕನ್ನಡ, ಶಿವಮೊಗ್ಗ ಕಡೆ ತಲೆತಲಾಂತರದಿಂದ ಧಣಿ ಮನೆಗೆ ಗೇಣಿ ಅಳೀತಿದ್ದ ಮನೆಗಳಿಗೆ ಜಮೀನು ಅವರ ಹೆಸರಿಗೇ ಆಗೋ ಕಾಲ ಅದು. 20 ಅಂಶದ ಪೋಸ್ಟರಲ್ಲಿ ‘ಉಳುವವನಿಗೆ ಭೂಮಿ’ ಅಂತ ಇದ್ರೆ, ಆ ಮನೆಯ ಅಜ್ಜ ಅದನ್ನ ಪ್ರಚಾರ ಅಂತ ಓದಲ್ಲ, ನಮ್ಮ ಪಹಣಿ ಅಂತ ಓದ್ತಾನೆ. ಜೈಲಲ್ಲಿ ಯಾರಿದ್ದಾರೆ ಅನ್ನೋದು ಅವನಿಗೆ ಗೊತ್ತಿಲ್ಲ. ವಾಜಪೇಯಿ, ಅಡ್ವಾಣಿ ನಮ್ಮ ಬೆಂಗಳೂರು ಸೆಂಟ್ರಲ್ ಜೈಲಲ್ಲೇ ಇದ್ರು, ನಟಿ ಸ್ನೇಹಲತಾ ರೆಡ್ಡಿ ಅದೇ ಜೈಲಲ್ಲಿ ನರಳಿ ಹೊರಗೆ ಬಂದ ಸ್ವಲ್ಪ ದಿನಕ್ಕೆ 1977ರ ಜನವರಿಯಲ್ಲಿ ತೀರಿಕೊಂಡ್ರು, ಅದ್ಯಾವ್ದೂ ರೇಡಿಯೋಲಿ ಬಂದಿಲ್ಲ. ಪ್ರಚಾರ ಹೇಳಿದ ಭಾಗ ಅವನ ಹೊಲದಲ್ಲಿ ನಿಜ ಆಗಿತ್ತು, ಹೇಳದ ಭಾಗ ಅವನಿಗೆ ಕಾಣ್ಸೋ ಜಾಗದಲ್ಲಿ ಇರ್ಲಿಲ್ಲ. ಅರಸು ರಾಜಕೀಯ, ಜಾತಿ ಲೆಕ್ಕಾಚಾರ, ವಿರೋಧ ಪಕ್ಷದ ದೌರ್ಬಲ್ಯ ಎಲ್ಲ ಸೇರಿ ಆ 26 ಬಂತು, ಬರೀ ಪ್ರಚಾರದಿಂದ ಅಂತ ನಾನು ಹೇಳಲ್ಲ. ಪ್ರಚಾರ ತಾನಾಗೇ ಗೆಲ್ಲಿಸಲ್ಲ, ತಾನಾಗೇ ಸೋಲ್ಸೋದೂ ಇಲ್ಲ, ಕೆಳಗೆ ಏನು ನಡೀತಿದೆ ಅನ್ನೋದರ ಮೇಲೆ ಸವಾರಿ ಮಾಡುತ್ತೆ ಅಷ್ಟೇ.

ಸರಿ, ನಿಮ್ಮ ಎರಡನೇ ಪ್ರಶ್ನೆ, ಎಲ್ಲ ನಿಜವೇ ಆಗಿದ್ರೆ? ಬಿಳಿ ಪ್ರಚಾರ ಮಾಡೋರಲ್ಲಿ ಕಸುಬು ಗೊತ್ತಿರೋರು ಸುಳ್ಳು ಹೇಳೋದೇ ಇಲ್ಲ ಸ್ವಾಮಿ. ಹೆಸರು ಹಾಕಿದ ಮೇಲೆ ಸುಳ್ಳು ಸಿಕ್ಕಿಬಿದ್ರೆ ಮುಂದಿನ ಹತ್ತು ನಿಜಕ್ಕೂ ಬೆಲೆ ಇರಲ್ಲ ಅಂತ ಅವರಿಗೆ ಗೊತ್ತು. ಯುಎಸ್‌ಐಎ ಮುಖ್ಯಸ್ಥರಾಗಿದ್ದ ಎಡ್ವರ್ಡ್ ಮರೋ, ಮೂಲತಃ ದೊಡ್ಡ ಪತ್ರಕರ್ತ, 1963ರಲ್ಲಿ ಅಮೆರಿಕದ ಸಂಸತ್ ಸಮಿತಿ ಮುಂದೆ ಇದನ್ನೇ ಹೇಳಿದ್ರು, ಸತ್ಯವೇ ಅತ್ಯುತ್ತಮ ಪ್ರೊಪಗಾಂಡ, ಸುಳ್ಳು ಅತ್ಯಂತ ಕೆಟ್ಟದ್ದು ಅಂತ. ಇದೇ ಮರೋ ಆ ಕುರ್ಚಿಗೆ ಬರೋ ಸ್ವಲ್ಪ ಮುಂಚೆ ಟೀವಿ ಪತ್ರಕರ್ತನಾಗಿ ಅಮೆರಿಕದ ವಲಸೆ ಕೃಷಿ ಕೂಲಿಗಳ ದುರವಸ್ಥೆ ಬಗ್ಗೆ ಖಡಕ್ ಡಾಕ್ಯುಮೆಂಟರಿ ಮಾಡಿದ್ರು. ಕುರ್ಚಿಗೆ ಬಂದ ಮೇಲೆ 1961ರಲ್ಲಿ ಬಿಬಿಸಿಗೆ ಫೋನ್ ಮಾಡಿ ದಯವಿಟ್ಟು ಅದನ್ನ ತೋರಿಸಬೇಡಿ ಅಂತ ಕೇಳ್ಕೊಂಡ್ರು! ತಾನೇ ತೆಗೆದ ಸತ್ಯ. ಬಿಬಿಸಿ ಕೇಳ್ಲಿಲ್ಲ, ಹಾಕೇ ಹಾಕ್ತು. ನನಗೆ ಮರೋ ಬಗ್ಗೆ ಗೌರವ ಇದೆ, ಅಷ್ಟು ದೊಡ್ಡ ಮನುಷ್ಯನ ಕೈಲೂ ಆ ಕುರ್ಚಿ ಏನು ಮಾಡಿಸ್ತು ನೋಡಿ. ಸತ್ಯ ಹೇಳ್ತೀವಿ ಅನ್ನೋದು ನಿಜ, ಯಾವ ಸತ್ಯ ಅನ್ನೋದು ಅವರ ಆಯ್ಕೆ.

ಬಿಬಿಸಿ ಏನು ಸಾಚಾ ಅಂತಲೂ ಅಲ್ಲ ಬಿಡಿ, ಅದರ ವರ್ಲ್ಡ್ ಸರ್ವಿಸ್‌ಗೆ 2014ರವರೆಗೂ ದುಡ್ಡು ಬರ್ತಿದ್ದಿದ್ದು ಬ್ರಿಟನ್ನಿನ ವಿದೇಶಾಂಗ ಇಲಾಖೆಯಿಂದ. ಆದ್ರೆ ಯುದ್ಧದ ಕಾಲದಲ್ಲಿ ತಮ್ಮ ಸೋಲನ್ನೂ ಹೇಳ್ತಿದ್ರು, ಆ ಸೋಲಿನ ಸುದ್ದಿಗಳೇ ಆಮೇಲೆ ಗೆಲುವಿನ ಸುದ್ದಿಗೆ ಬೆಲೆ ತಂದ್ಕೊಟ್ವು. ನಮ್ಮಲ್ಲಿ ಅದರ ಫಲ ಕಂಡಿದ್ದು 1984ರ ಅಕ್ಟೋಬರ್ 31ಕ್ಕೆ. ಬೆಳಗ್ಗೆ ಒಂಬತ್ತು ಗಂಟೆ ದಾಟಿದಾಗ ಪ್ರಧಾನಿಗೆ ಗುಂಡು ಬಿತ್ತು, ಬಿಬಿಸಿ ಸಾವಿನ ಸುದ್ದಿ ಹೇಳಾಗಿ ಎಷ್ಟೋ ಹೊತ್ತಾದ ಮೇಲೆ, ಸಂಜೆ ಆರಕ್ಕೆ ಆಕಾಶವಾಣಿ ಒಪ್ಕೊಳ್ತು. ಬಂಗಾಳ ಪ್ರವಾಸದಲ್ಲಿದ್ದ ಸ್ವಂತ ಮಗ ರಾಜೀವ್ ಗಾಂಧಿಯೇ ಟ್ರಾನ್ಸಿಸ್ಟರಲ್ಲಿ ಬಿಬಿಸಿ ತಿರುಗಿಸಿ ಸುದ್ದಿ ಕೇಳ್ತಿದ್ರು. ಸರ್ಕಾರ ನಡೆಸೋ ಮನೆಯೋರೇ ಸರ್ಕಾರಿ ರೇಡಿಯೋನ ನಂಬದ ಸ್ಥಿತಿ.

ಈಗ ಮೂರನೇದು, ಗೊತ್ತಿದ್ದೂ ಯಾಕೆ ಮನಸ್ಸು ತಿರುಗುತ್ತೆ. ಇದಕ್ಕೆ ಹಳೇ ಪ್ರಯೋಗ ಒಂದಿದೆ, ನನ್ನ ವಿದ್ಯಾರ್ಥಿಗಳಿಗೆ ತಪ್ಪದೆ ಹೇಳ್ತೀನಿ. 1951ರಲ್ಲಿ ಯೇಲ್ ವಿವಿಯ ಹೋವ್‌ಲಂಡ್ ಮತ್ತು ವೈಸ್ ಅನ್ನೋರು ಕಾಲೇಜು ಹುಡುಗರಿಗೆ ಲೇಖನ ಓದೋಕೆ ಕೊಟ್ರು, ಅದರಲ್ಲಿ ಒಂದು ಅಣುಶಕ್ತಿಯ ಸಬ್‌ಮರೀನ್ ಈಗಲೇ ಕಟ್ಟೋಕೆ ಸಾಧ್ಯವಾ ಅನ್ನೋದು. ಲೇಖನ ಅದೇ, ಅಕ್ಷರ ಅಕ್ಷರ ಅದೇ, ಅರ್ಧ ಜನಕ್ಕೆ ಇದು ಬರೆದೋರು ವಿಜ್ಞಾನಿ ಆಪನ್‌ಹೈಮರ್ ಅಂದ್ರು, ಇನ್ನರ್ಧ ಜನಕ್ಕೆ ಇದು ಸೋವಿಯತ್ ಪತ್ರಿಕೆ ‘ಪ್ರಾವ್ದಾ’ದಿಂದ ತಗೊಂಡಿದ್ದು ಅಂದ್ರು. ಶೀತಲ ಸಮರದ ಕಾಲದ ಅಮೆರಿಕದಲ್ಲಿ ಪ್ರಾವ್ದಾ ಅಂದ್ರೆ ಗೊತ್ತಲ್ಲ, ಓಪನ್ ಪ್ರೊಪಗಾಂಡ. ಓದಿದ ತಕ್ಷಣ ಕೇಳಿದಾಗ ನಂಬಿಕಸ್ಥರ ಹೆಸರಿದ್ದ ಲೇಖನಗಳಿಗೆ ಮನಸ್ಸು ಬದಲಾಯಿಸಿದೋರು ಜಾಸ್ತಿ, ಪ್ರಾವ್ದಾದಂಥ ಹೆಸರಿದ್ದವಕ್ಕೆ ಕಮ್ಮಿ. ಲೇಬಲ್ ಕೆಲಸ ಮಾಡ್ತು. ನಾಲ್ಕು ವಾರ ಬಿಟ್ಟು ಮತ್ತೆ ಕೇಳಿದ್ರು, ಎರಡು ಗುಂಪಿಗೂ ವ್ಯತ್ಯಾಸವೇ ಇಲ್ಲದಂಗೆ ಆಗಿತ್ತು. ಮಾತು ಉಳೀತು, ಯಾರು ಹೇಳಿದ್ದು ಅನ್ನೋದು ಅದರಿಂದ ಕಳಚಿಕೊಳ್ತು. ಎರಡು ವರ್ಷ ಬಿಟ್ಟು ಇನ್ನೊಂದು ಪ್ರಯೋಗದಲ್ಲಿ, ಹೇಳಿದ್ದು ಯಾರು ಅಂತ ಮತ್ತೆ ನೆನಪಿಸಿದಾಗ ವ್ಯತ್ಯಾಸ ವಾಪಸ್ ಬಂತು.

ಇದು ಪ್ರತಿಸಲ ಹೀಗೇ ಆಗಲ್ಲ, ಆಮೇಲೆ ಮಾಡಿದೋರಿಗೆ ಎಷ್ಟೋ ಸಲ ಸಿಕ್ಕಿಲ್ಲ. ಆದ್ರೆ ಯಾವಾಗ ಆಗುತ್ತೆ ಅಂತ ಸ್ಪಷ್ಟವಾಗಿ ಸಿಕ್ಕಿದೆ: ಮಾತು ತಾನೇ ಗಟ್ಟಿಯಾಗಿದ್ದು, ಹೇಳಿದ್ದು ಯಾರು ಅನ್ನೋದು ಮಾತು ಓದಿ ಮುಗಿದ *ಮೇಲೆ* ತಿಳಿದಾಗ. ಇದನ್ನ ಓದಿ ಈಗ ನಿಮ್ಮ ಅಪ್ಪನ ಪೇಪರ್ ತೆಗೀರಿ. ಮೇಲೆ ದೊಡ್ಡ ನಗುಮುಖ, ನಡುವೆ ದಪ್ಪ ಅಕ್ಷರದಲ್ಲಿ ಸಾಧನೆ, ಕೆಳಗೆ ತುದೀಲಿ ‘ವಾರ್ತಾ ಮತ್ತು ಸಾರ್ವಜನಿಕ ಸಂಪರ್ಕ ಇಲಾಖೆ’, ಇಲ್ಲ ಕೇಂದ್ರದ್ದಾದ್ರೆ ಮೂಲೇಲಿ ಇರುವೆ ಸಾಲಿನಷ್ಟು ಪುಟ್ಟ ಅಕ್ಷರದಲ್ಲಿ ಒಂದು ಕೋಡ್ ನಂಬರು. ಹೆಸರು ಇದೆ, ಕಾನೂನಿಗೆ ತಕ್ಕಂಗೆ ಇದೆ, ಕೊನೇಲಿ ಇದೆ. ಅವರು ಯೇಲ್ ಪ್ರಯೋಗ ಓದ್ಕೊಂಡು ಹಾಗೆ ಡಿಸೈನ್ ಮಾಡಿದ್ರು ಅಂತ ನಾನು ಹೇಳ್ತಿಲ್ಲ, ಆದ್ರೆ ಪರಿಣಾಮ ಅದೇ.

ಇನ್ನು ವಾಟ್ಸಾಪಲ್ಲಿ ಆ ನಾಲ್ಕು ವಾರವೂ ಬೇಡ. ಜಾಹೀರಾತಿನ ಫೋಟೋ ತೆಗೆದು ಯಾರೋ ಕೆಳಗಿನ ತುದಿ ಕ್ರಾಪ್ ಮಾಡಿ ಹಾಕಿದ್ರೆ ಬೆಳಗ್ಗೆ ಬಿಳಿ ಆಗಿದ್ದು ಮಧ್ಯಾಹ್ನಕ್ಕೆ ಬೂದು. ಸಂಜೆ ವಾಕಿಂಗಲ್ಲಿ ನಿಮ್ಮ ಅಪ್ಪನ ಬಾಯಿಂದ ಕೇಳಿಸ್ಕೊಂಡೋರಿಗೆ ಅದು ಸರ್ಕಾರದ ಮಾತಾಗಿ ಉಳಿದಿರಲ್ಲ, ‘ಮೇಷ್ಟ್ರು ಹೇಳಿದ್ರು’ ಅಂತ ಆಗಿರುತ್ತೆ. ನಿಜವಾದ ಪವರ್ ಇರೋದು ಈ ಹಂತದಲ್ಲಿ. 1940ರ ಅಮೆರಿಕದ ಅಧ್ಯಕ್ಷ ಚುನಾವಣೆ ಟೈಮಲ್ಲಿ ಓಹಾಯೋದ ಒಂದು ಕೌಂಟಿಯಲ್ಲಿ ಲಾಜರ್ಸ್‌ಫೆಲ್ಡ್ ಅನ್ನೋರ ತಂಡ ಜನರನ್ನ ತಿಂಗಳುಗಟ್ಟಲೆ ಫಾಲೋ ಮಾಡಿ ಕಂಡಿದ್ದು ಇದನ್ನೇ, ರೇಡಿಯೋ, ಪೇಪರಿನ ಪ್ರಚಾರ ನೇರವಾಗಿ ಮನಸ್ಸು ಬದಲಿಸಿದ್ದು ಕಮ್ಮಿ, ಊರಲ್ಲಿ ನಾಲ್ಕು ಜನ ಗೌರವ ಕೊಡೋ ವ್ಯಕ್ತಿ ಅದನ್ನ ಓದಿ ಹೇಳಿದಾಗ ಬದಲಾಗಿದ್ದು ಜಾಸ್ತಿ. ರಿಟೈರ್ಡ್ ಮೇಷ್ಟ್ರು ಅಂದ್ರೆ ಇದಕ್ಕೆ ಹೇಳಿ ಮಾಡಿಸಿದ ವ್ಯಕ್ತಿ.

ಹಾಗಂತ ದುಡ್ಡು ಸುರಿದು ಹೆಸರು ಹಾಕಿ ಕೂಗಿದ್ದೆಲ್ಲ ಫಲಿಸುತ್ತೆ ಅಂತಲೂ ಹೆದರ್ಬೇಡಿ. 1947-48ರಲ್ಲಿ ಅಮೆರಿಕದ ಸಿನ್ಸಿನಾಟಿ ಊರಲ್ಲಿ ವಿಶ್ವಸಂಸ್ಥೆ ಬಗ್ಗೆ ಜನಕ್ಕೆ ತಿಳುವಳಿಕೆ ಕೊಡ್ತೀವಿ ಅಂತ ಆರು ತಿಂಗಳು ಇಡೀ ಊರಿಗೆ ಊರೇ ಪ್ರಚಾರದಲ್ಲಿ ಮುಳುಗಿಸಿದ್ರು. ಶಾಂತಿ ಶುರುವಾಗೋದು ವಿಶ್ವಸಂಸ್ಥೆಯಿಂದ, ವಿಶ್ವಸಂಸ್ಥೆ ಶುರುವಾಗೋದು ನಿಮ್ಮಿಂದ ಅನ್ನೋ ಸ್ಲೋಗನ್ನು, ರೇಡಿಯೋಲಿ ದಿನಾ ಬಡಿದೇ ಬಡಿದ್ರು. ಮುಂಚೆ, ಆಮೇಲೆ ಸರ್ವೆ ಮಾಡಿ ನೋಡಿದ್ರೆ ಹೆಚ್ಚುಕಮ್ಮಿ ಏನೂ ಬದಲಾಗಿಲ್ಲ, ಮೊದಲೇ ಆಸಕ್ತಿ ಇದ್ದೋರೇ ಕೇಳಿಸ್ಕೊಂಡಿದ್ರು. ಒಬ್ಬ ಹೆಂಗಸು, ಹೌದು ಆ ಸ್ಲೋಗನ್ ಎಷ್ಟು ಸಲ ಕೇಳಿದೀನೋ, ಅದರ ಅರ್ಥ ಏನು ಅಂತ ಮಾತ್ರ ಕೊನೆಗೂ ಗೊತ್ತಾಗ್ಲಿಲ್ಲ ಅಂದ್ಲಂತೆ. ಅಲ್ಲಿ ಪ್ರಚಾರ ಹಿಡ್ಕೊಳ್ಳೋಕೆ ಆ ಹೆಂಗಸಿನ ಬದುಕಲ್ಲಿ ಯಾವ ಕೊಕ್ಕೆನೂ ಇರ್ಲಿಲ್ಲ. ಹೋಲಿಸಿ ನೋಡಿ, 2018ರ ಸೆಪ್ಟೆಂಬರಲ್ಲಿ ‘ಚೀನಾ ಡೈಲಿ’ಯವರು ಅಮೆರಿಕದ ಅಯೋವಾ ರಾಜ್ಯದ ಪೇಪರಲ್ಲಿ ನಾಲ್ಕು ಪುಟದ ಜಾಹೀರಾತು ಹಾಕ್ಸಿದ್ರು, ಇದು ಚೀನಾ ಸರ್ಕಾರದ ಪತ್ರಿಕೆಯೋರದ್ದು ಅಂತ ಬರೆದೇ ಹಾಕ್ಸಿದ್ರು. ವಿಷಯ ಸೋಯಾಬೀನು, ಟ್ರಂಪ್ ಸುಂಕದ ಜಗಳದಿಂದ ನಿಮ್ಮ ಬೆಳೆ ಕೊಳ್ಳೋರು ಬೇರೆ ದೇಶಕ್ಕೆ ಹೋಗ್ತಿದ್ದಾರೆ ಅಂತ. ಓದೋರು ಸೋಯಾ ಬೆಳೆಯೋ ರೈತರು, ರೇಟ್ ಬಿದ್ದಿದ್ದು ಅವರಿಗೇ ಗೊತ್ತು. ಟ್ರಂಪ್ ಸಿಟ್ಟಾಗಿ ಟ್ವೀಟ್ ಮಾಡಿದ್ರು, ಅದರಿಂದ ಆ 4 ಪುಟ ಅಯೋವಾ ದಾಟಿ ಜಗತ್ತಿಗೇ ಗೊತ್ತಾಯ್ತು. ಚೀನಾದೋರಿಗೆ ಬೋನಸ್.

ಹಾಗಾದ್ರೆ ಲೇಬಲ್ ಇದ್ದೂ ಪ್ರಯೋಜನ ಇಲ್ವಾ ಅಂದ್ರೆ, ಇದೆ, ಆದ್ರೆ ಬೇರೆ ಕಡೆ. ಅದು ಓದುಗನ ಮನಸ್ಸನ್ನ ಕಾಪಾಡುತ್ತೆ ಅನ್ನೋದು ನನಗೆ ಅನುಮಾನ, ಲೆಕ್ಕ ಕೇಳೋಕೆ ದಾರಿ ಮಾಡ್ಕೊಡುತ್ತೆ ಅನ್ನೋದು ಖಾತ್ರಿ. ಎಮರ್ಜೆನ್ಸಿ ಮುಗಿದ ಮೇಲೆ 1977ರಲ್ಲಿ ಮಾಧ್ಯಮಗಳ ದುರ್ಬಳಕೆ ಬಗ್ಗೆ ಶ್ವೇತಪತ್ರ ತರೋಕಾಗಿದ್ದು ಎಲ್ಲ ಇಲಾಖೆ ಹೆಸರಲ್ಲೇ ನಡೆದಿತ್ತು ಅಂತ. 2015ರ ಮೇ 13ಕ್ಕೆ ಸುಪ್ರೀಂ ಕೋರ್ಟು ಸರ್ಕಾರಿ ಜಾಹೀರಾತಲ್ಲಿ ರಾಷ್ಟ್ರಪತಿ, ಪ್ರಧಾನಿ, ಮುಖ್ಯ ನ್ಯಾಯಮೂರ್ತಿ ಬಿಟ್ಟು ಬೇರೆ ಯಾರ ಫೋಟೋನೂ ಬೇಡ ಅಂತು, ಕೇಂದ್ರವೂ ಕೆಲವು ರಾಜ್ಯಗಳೂ ಹೋಗಿ ಕೇಳ್ಕೊಂಡ ಮೇಲೆ 2016ರ ಮಾರ್ಚಲ್ಲಿ ಮುಖ್ಯಮಂತ್ರಿ, ರಾಜ್ಯಪಾಲರು, ಮಂತ್ರಿಗಳ ಫೋಟೋಗೂ ಒಪ್ಕೊಳ್ತು. ಆ ಹತ್ತು ತಿಂಗಳು ಫೋಟೋ ಇಲ್ಲದೆ ನಮ್ಮ ರಾಜಕಾರಣಿಗಳು ಪಟ್ಟ ಸಂಕಟ ನೋಡಿದ್ರೆ ಜಾಹೀರಾತಲ್ಲಿ ಮಾಹಿತಿ ಎಷ್ಟು, ಮುಖ ಎಷ್ಟು ಅಂತ ಗೊತ್ತಾಗೋದು. ಮುಖವಾಡದ ಪ್ರಚಾರ ಆಗಿದ್ರೆ ಕೋರ್ಟಿಗೆ ಯಾರನ್ನ ಕರೀತೀರಿ?

ಕೊನೇದಾಗಿ ಅಪ್ಪನ ವಿಷಯ. ‘ಅದು ದುಡ್ಡು ಕೊಟ್ಟು ಹಾಕ್ಸಿದ್ದು’ ಅಂತ ಹೇಳೋದನ್ನ ಬಿಡಿ, ಅದು ಅವರಿಗೆ ಗೊತ್ತಿರೋದೇ, ಹೇಳಿದಷ್ಟೂ ನಿಮ್ಮ ಮಾತು ಅವರಿಗೆ ಅವಮಾನ ಅನ್ನಿಸುತ್ತೆ. ಅದರ ಬದಲು ಒಂದು ಕೆಂಪು ಪೆನ್ ಕೊಡಿ, ಮೇಷ್ಟ್ರಲ್ವಾ, ಕೈಗೆ ಅಭ್ಯಾಸ ಇರುತ್ತೆ. ಜಾಹೀರಾತಲ್ಲಿ ಕ್ರಿಯಾಪದಗಳಿಗೆ ಮಾತ್ರ ಗೆರೆ ಎಳೀಲಿ. ‘ಮಂಜೂರಾಗಿದೆ’, ‘ಶಂಕುಸ್ಥಾಪನೆ ನೆರವೇರಿದೆ’, ‘ಅನುದಾನ ಮೀಸಲಿಡಲಾಗಿದೆ’, ‘ಗುರಿ ಹೊಂದಲಾಗಿದೆ’, ‘ಕೈಗೆತ್ತಿಕೊಳ್ಳಲಾಗಿದೆ’, ‘ಪೂರ್ಣಗೊಂಡಿದೆ’, ಇಷ್ಟರಲ್ಲಿ ಕೊನೇದೊಂದೇ ಆಗಿರೋ ಕೆಲಸ, ಮಿಕ್ಕಿದ್ದೆಲ್ಲ ಆಗಬೇಕಾಗಿರೋದು. ಸುಳ್ಳು ಒಂದೂ ಇರಲ್ಲ. ಆಮೇಲೆ ‘ಇಷ್ಟು ಲಕ್ಷ ಫಲಾನುಭವಿಗಳು’ ಅಂತ ಇದ್ರೆ ಯಾವ ವರ್ಷದಿಂದ ಯಾವ ವರ್ಷಕ್ಕೆ, ಅರ್ಜಿ ಹಾಕಿದೋರು ಎಷ್ಟು, ಹೋದ ಸರ್ಕಾರದಲ್ಲಿ ಇದೇ ಲೆಕ್ಕ ಎಷ್ಟಿತ್ತು ಅಂತ ಅಂಚಲ್ಲಿ ಪ್ರಶ್ನಾರ್ಥಕ ಚಿಹ್ನೆ ಹಾಕ್ಲಿ. ಒಂದು ಪಕ್ಷದ್ದು ಅಷ್ಟೇ ಅಲ್ಲ, ಬೆಂಗಳೂರಿನ ಸರ್ಕಾರದ್ದೂ ದೆಹಲಿಯ ಸರ್ಕಾರದ್ದೂ ಎರಡೂ ಇಟ್ಕೊಂಡು ಮಾಡ್ಲಿ, ಇಲ್ಲಾಂದ್ರೆ ಅವರು ನೀವು ಯಾವ ಪಾರ್ಟಿ ಅಂತ ಕೇಳ್ತಾರೆ. ನಿಮ್ಮ ತಾಲ್ಲೂಕಿನ ಒಂದು ಕೆಲಸದ ಹೆಸರು ಅದರಲ್ಲಿ ಇದ್ರಂತೂ ಇನ್ನೂ ಒಳ್ಳೇದು, ಸಂಜೆ ವಾಕಿಂಗ್ ರೂಟು ಸ್ವಲ್ಪ ಬದಲಾಯಿಸಿ ಗ್ಯಾಂಗ್ ಸಮೇತ ಆ ಕಡೆ ಹೋಗಿ ನೋಡ್ಕೊಂಡು ಬರ್ಲಿ.